ಲೂಲುವಿಗೆ ಪಿಟೀಲು ನುಡಿಸುವ ಬಗೆ

ಮೂಕಿ ಚಿತ್ರ ಓಡುತ್ತಿರುವಾಗ ಅಲ್ಲೇ ಕೂತು ಪಿಟೀಲು ನುಡಿಸಬೇಕೆಂಬ ಆಸೆ ಇರುವವರಿಗೆ ನಾನು ಹೇಳುವ ಮೊದಲ ಮಾತು: ಸುಲಭದ ಚಿತ್ರ ಹುಡುಕಬೇಡಿ, ಒಳ್ಳೆಯ ಚಿತ್ರ ಹುಡುಕಿ. ನಗೆಚಿತ್ರವಾದರೆ ವೇಗದ ಕಾಲದಲ್ಲಿ ನಾಲ್ಕು ಚಿಟ್ಟೆಸ್ವರ (ಮೊದಲೇ ಕಟ್ಟಿಟ್ಟ ಸ್ವರದ ಸಾಲು) ಬಾರಿಸಿದರೂ ಜನ ಚಪ್ಪಾಳೆ ತಟ್ಟುತ್ತಾರೆ. ಆದರೆ ಅದರಿಂದ ನಿಮ್ಮ ಕಿವಿ ಕಲಿಯುವುದಿಲ್ಲ. ಮೈಸೂರಿನ ಕುವೆಂಪುನಗರದಲ್ಲಿ ನನ್ನ ಹತ್ತಿರ ಪಾಠಕ್ಕೆ ಬರುವ ಮಕ್ಕಳಲ್ಲಿ ವರ್ಣ (ಅಭ್ಯಾಸದ ಕೃತಿ) ಗಟ್ಟಿಯಾಗಿ, ಆಲಾಪನೆಗೆ (ತಾಳವಿಲ್ಲದೆ ರಾಗ ಬೆಳೆಸುವುದಕ್ಕೆ) ಕೈ ಬಂದವರನ್ನು ನಾನು ಕೂರಿಸುವುದು 1929ರ ಜರ್ಮನ್ ಚಿತ್ರ ‘ಪಂಡೋರಾಳ ಪೆಟ್ಟಿಗೆ’ಯ ಮುಂದೆ. ಜಿ. ಡಬ್ಲ್ಯು. ಪಾಬ್ಸ್ಟ್ ನಿರ್ದೇಶಿಸಿದ್ದು, ಲೂಲುವಾಗಿ ನಟಿಸಿದ್ದು ಅಮೆರಿಕದ ಲೂಯಿಸ್ ಬ್ರೂಕ್ಸ್. ಕರ್ನಾಟಕ ಸಂಗೀತದ ಪಿಟೀಲಿಗೆ ಇದಕ್ಕಿಂತ ಒಳ್ಳೆಯ ಗುರು ನನಗೆ ಸಿಕ್ಕಿಲ್ಲ.

ಮೊದಲು ಕಥೆ ತಿಳಿದುಕೊಳ್ಳಿ. ಲೂಲು ಒಬ್ಬ ನರ್ತಕಿ. ಅವಳನ್ನು ಇಟ್ಟುಕೊಂಡಿರುವವನು ಪತ್ರಿಕೆಯ ಒಡೆಯ ಡಾಕ್ಟರ್ ಷೋನ್. ಆತನಿಗೆ ಮಂತ್ರಿಯ ಮಗಳನ್ನು ಮದುವೆಯಾಗಿ ಮರ್ಯಾದಸ್ಥನಾಗುವ ಆಸೆ. ಅವನ ಮಗ ಆಲ್ವಾನಿಗೂ ಲೂಲುವಿನ ಮೇಲೆ ಮನಸ್ಸು. ಗೆಶ್ವಿಟ್ಸ್ ಎಂಬ ಸಿರಿವಂತ ಹೆಣ್ಣುಮಗಳು ಅವಳನ್ನು ಪ್ರೀತಿಸುತ್ತಾಳೆ. ರೋಡ್ರಿಗೊ ಎಂಬ ಜಟ್ಟಿಗೆ ಅವಳನ್ನು ಜೊತೆಗಿಟ್ಟುಕೊಂಡು ಉಯ್ಯಾಲೆಯಾಟ ತೋರಿಸಿ ದುಡ್ಡು ಮಾಡುವ ಯೋಚನೆ. ಷಿಗೋಲ್ಖ್ ಎಂಬ ಮುದುಕ ಅಪ್ಪನೋ ಹಳೆಯ ಪೋಷಕನೋ ಸ್ಪಷ್ಟವಾಗದಂತೆ ಅವಳ ಮನೆಗೆ ಬಂದು ಹೋಗುತ್ತಾನೆ. ಮುಂದೆ ಕಾಸ್ಟಿ-ಪಿಯಾನಿ ಎಂಬವನು ಅವಳನ್ನು ಮಾರಲು ಹೊರಡುತ್ತಾನೆ. ಕೊನೆಗೆ ಲಂಡನ್ನಿನ ಮಂಜಿನಲ್ಲಿ ಕೊಲೆಗಾರ ಜಾಕ್ ಎದುರಾಗುತ್ತಾನೆ. ಫ್ರಾಂಕ್ ವೆಡೆಕಿಂಡ್ ಬರೆದ ಎರಡು ನಾಟಕಗಳನ್ನು ಸೇರಿಸಿ ಪಾಬ್ಸ್ಟ್ 8 ಅಂಕಗಳ ಚಿತ್ರ ಮಾಡಿದ.

ನಮ್ಮ ಜನಕ್ಕೆ ಇದು ದೂರದ ಕಥೆಯೇನಲ್ಲ. ಸಂಸ್ಕೃತ ನಾಟಕ ‘ಮೃಚ್ಛಕಟಿಕ’ದ ವಸಂತಸೇನೆಯನ್ನು ನೆನಪು ಮಾಡಿಕೊಟ್ಟರೆ ಸಾಕು, ಸಭೆ ಅರ್ಧ ದಾರಿ ಬಂದುಬಿಡುತ್ತದೆ. ಒಬ್ಬಳನ್ನು ಹಲವರು ಬಯಸುವುದು, ಸಿಗದಿದ್ದಾಗ ರಾಜನ ಮೈದುನ ಶಕಾರ ಅವಳ ಕುತ್ತಿಗೆಗೆ ಕೈ ಹಾಕುವುದು, ಆಮೇಲೆ ನ್ಯಾಯಸ್ಥಾನದ ದೃಶ್ಯ, ಎಲ್ಲವೂ ಅಲ್ಲೂ ಇದೆ. ಆ ನಾಟಕವನ್ನು ಮೋಹನ್ ಭಾವನಾನಿ 1931ರಲ್ಲಿ ಮೂಕಿ ಚಿತ್ರವಾಗಿಸಿದಾಗ ಅದರಲ್ಲಿ ಕಮಲಾದೇವಿ ಚಟ್ಟೋಪಾಧ್ಯಾಯ, ನಮ್ಮ ಟಿ. ಪಿ. ಕೈಲಾಸಂ ನಟಿಸಿದ್ದರು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ ಬಂದದ್ದು 1934ರಲ್ಲಿ. ಹಾಗಾಗಿ ಲೂಲುವೂ ನಮ್ಮ ಆ ವಸಂತಸೇನೆಯೂ ಹೆಚ್ಚುಕಡಿಮೆ ಒಂದೇ ಓರಗೆಯವರು. ಚಿತ್ರಕ್ಕೆ ಮುಂಚೆ ಇಷ್ಟು ಹೇಳಿ ನಿಲ್ಲಿಸಿ. ಕೊನೆಯ ಅಂಕದ ವಿಷಯ ಬಾಯಿ ಬಿಡಬೇಡಿ.

ಚಿತ್ರದ ಪ್ರತಿ ಆರಿಸುವಾಗ ಎಚ್ಚರ ಬೇಕು. ಈ ಚಿತ್ರವನ್ನು ಆಗ ದೇಶದೇಶಗಳಲ್ಲಿ ಸೆನ್ಸಾರಿನವರು ಕತ್ತರಿಸಿದ್ದರು. ಗೆಶ್ವಿಟ್ಸಳನ್ನೇ ಕಿತ್ತು ಹಾಕಿದ್ದು, ಕೊಲೆ ತೆಗೆದು ಲೂಲು ಸಾಲ್ವೇಷನ್ ಆರ್ಮಿ ಎಂಬ ಕ್ರೈಸ್ತ ಸೇವಾ ಸಂಸ್ಥೆ ಸೇರಿ ಉದ್ಧಾರವಾದಂತೆ ತೋರಿಸಿದ್ದು, ಇವೆಲ್ಲ ನಡೆದಿವೆ. ಈಗ ಸಿಗುವ ಪ್ರತಿಗಳಲ್ಲಿ ಸುಮಾರು 2 ಗಂಟೆ 13 ನಿಮಿಷದ್ದನ್ನು ಹಿಡಿಯಿರಿ. ನೂರು ಚಿಲ್ಲರೆ ನಿಮಿಷದ ಪ್ರತಿಗಳಲ್ಲಿ ದೃಶ್ಯಗಳು ಹೋಗಿರುತ್ತವೆ, ಇಲ್ಲವೇ ಚಿತ್ರವನ್ನು ಬೇಗ ಓಡಿಸಿರುತ್ತಾರೆ. ಇಂದಿನ ಸಿನಿಮಾ ಸೆಕೆಂಡಿಗೆ 24 ಚೌಕಟ್ಟಿನಂತೆ ಓಡಿದರೆ ಇದಕ್ಕೆ 20ರ ಆಸುಪಾಸು ಸರಿಹೋಗುತ್ತದೆ. ವೇಗ ಹೆಚ್ಚಾದರೆ ಬ್ರೂಕ್ಸ್ ತಲೆ ತಿರುಗಿಸುವುದು ಗೊಂಬೆ ತಿರುಗಿದಂತೆ ಕಾಣುತ್ತದೆ, ಸ್ವರವನ್ನು ತೂಗಿ ನುಡಿಸುವ ನಿಮ್ಮ ಗಮಕಕ್ಕೂ ಜಾಗ ಸಿಗುವುದಿಲ್ಲ. ಹಕ್ಕಿನ ವಿಷಯವನ್ನೂ ಗಮನದಲ್ಲಿಡಿ. ಭಾರತದ ಕಾಯಿದೆಯಲ್ಲಿ ಚಲನಚಿತ್ರಕ್ಕೆ ಹಕ್ಕುಸ್ವಾಮ್ಯ ಇರುವುದು ಬಿಡುಗಡೆಯ ನಂತರ 60 ವರ್ಷ. ಆದರೆ ಈಚೆಗೆ ಸೇರಿಸಿದ ಸಂಗೀತ ಬೇರೆಯವರದು. ಅದನ್ನು ಪೂರ್ತಿ ಮ್ಯೂಟ್ ಮಾಡಿ. ಡಿಸ್ಕ್ ತಂದಿದ್ದರೆ ಸಾರ್ವಜನಿಕವಾಗಿ ತೋರಿಸುವ ಮುಂಚೆ ಅದನ್ನು ಹೊರತಂದವರಿಗೆ ಒಂದು ಇ-ಮೇಲ್ ಬರೆದು ಕೇಳಿಕೊಳ್ಳಿ.

ಮೊದಲ ಸಲ ಪಿಟೀಲು ಪೆಟ್ಟಿಗೆಯಲ್ಲೇ ಇರಲಿ. ಚಿತ್ರವನ್ನು ಸದ್ದಿಲ್ಲದೆ ಪೂರ್ತಿ ನೋಡಿ. ಎರಡನೆಯ ಸಲ ನೋಡುವಾಗ ತಾಳ ಹಾಕಿಕೊಂಡು ನೋಡಿ. ಬ್ರೂಕ್ಸ್ ಸಿನಿಮಾಕ್ಕೆ ಬರುವ ಮುಂಚೆ ಡೆನಿಷಾನ್ ನೃತ್ಯ ತಂಡದಲ್ಲಿ ಕುಣಿದವಳು. ಈ ಚಿತ್ರ ಮಾಡುವಾಗ ಅವಳಿಗೆ 22ರ ಹರೆಯ. ಬಾಗಿಲ ತನಕ ನಡೆದು ಹೋಗುವುದರಲ್ಲೂ ಅವಳ ಮೈಯಲ್ಲಿ ಒಂದು ನಡೆ ಇರುತ್ತದೆ. ಎಷ್ಟೋ ಕಡೆ ಅದು ತಿಶ್ರಕ್ಕೆ, ಅಂದರೆ ಮೂರರ ಎಣಿಕೆಗೆ, ಕೂರುತ್ತದೆ. ಷೋನ್ ಪಾತ್ರದ ಫ್ರಿಟ್ಸ್ ಕೋರ್ಟ್ನರ್ ಅದಕ್ಕೆ ತದ್ವಿರುದ್ಧ, ಬೆನ್ನಿನಲ್ಲೇ ಅಭಿನಯಿಸುವ ಮನುಷ್ಯ. ಅವನ ಆ ಭಾರದ ಭುಜಗಳಿಗೆ ನಿಧಾನದ ಚೌಕ ಕಾಲವೇ ಬೇಕು. ಇದನ್ನೆಲ್ಲ ಅಂಕದ ಲೆಕ್ಕದಲ್ಲಿ ಒಂದು ನೋಟ್‌ಬುಕ್ಕಿನಲ್ಲಿ ಬರೆದಿಟ್ಟುಕೊಳ್ಳಿ. ಗಡಿಯಾರದ ನಿಮಿಷ ಬರೆಯಬೇಡಿ, ಕಣ್ಣಿಗೆ ಕಾಣುವುದನ್ನು ಬರೆಯಿರಿ: “ಮುದುಕ ಮೌತ್ ಆರ್ಗನ್ ತೆಗೆದ”, “ಬಾಗಿಲು ತೆರೆಯಿತು”, “ಹೊಗೆ ಎದ್ದಿತು”. ಕತ್ತಲಲ್ಲಿ ನಿಮಿಷ ಹುಡುಕುತ್ತಾ ಕೂತರೆ ತೆರೆ ಕೈತಪ್ಪಿ ಹೋಗುತ್ತದೆ.

ಈಗ ರಾಗದ ವಿಷಯ. ಈ ಬರಹ ಬರೆಯಲು ಕೂತದ್ದೇ ಇದಕ್ಕಾಗಿ.

ನಮ್ಮ ಮೃದಂಗದ ಹುಡುಗ ಮೊದಲ ಅಭ್ಯಾಸದಲ್ಲೇ ಕೇಳಿದ: “ಅಕ್ಕಾ, ಲೂಲುಗೆ ಒಂದು ರಾಗ ಇಟ್ಟುಬಿಡಿ. ಅವಳು ಬಂದಾಗಲೆಲ್ಲ ಅದನ್ನೇ ನುಡಿಸಿದರೆ ಜನಕ್ಕೆ ಗುರುತು ಸಿಗತ್ತೆ.” ಎಲ್ಲರಿಗೂ ಹೊಳೆಯುವುದು ಇದೇ. ನಾನು ಬೇಡವೆಂದೆ. ಲೂಲುವಿಗೆ ಚಾರುಕೇಶಿಯನ್ನೋ ಶಿವರಂಜನಿಯನ್ನೋ ಹಚ್ಚಿದ ಕೂಡಲೇ ಅವಳು ಪಾಪದವಳು ಅಂತಲೋ, ಮೋಹಿನಿ ಅಂತಲೋ ನೀವು ತೀರ್ಪು ಕೊಟ್ಟಂತಾಯಿತು. ಚಿತ್ರದ ಒಳಗೆ ಪ್ರತಿಯೊಬ್ಬರೂ ಮಾಡುತ್ತಿರುವುದು ಅದನ್ನೇ. ಒಬ್ಬನಿಗೆ ಅವಳು ಕಳಂಕ, ಇನ್ನೊಬ್ಬನಿಗೆ ಸ್ಫೂರ್ತಿ, ಮತ್ತೊಬ್ಬನಿಗೆ ಸರಕು, ಕೋರ್ಟಿನ ವಕೀಲನಿಗೆ ಕೇಡು ತುಂಬಿದ ಪೆಟ್ಟಿಗೆ ತೆರೆದ ಪಂಡೋರಾ. ಕ್ಯಾಮೆರಾ ಮಾತ್ರ ಹಾಗೆ ಮಾಡುವುದಿಲ್ಲ, ಸುಮ್ಮನೆ ಅವಳ ಮುಖ ನೋಡುತ್ತದೆ. ಪಿಟೀಲು ಕ್ಯಾಮೆರಾದ ಪಕ್ಷದಲ್ಲಿರಬೇಕು.

ಆದ್ದರಿಂದ ಲೂಲುವಿಗೆ ಷಡ್ಜ (ಸ) ಮತ್ತು ಪಂಚಮ (ಪ), ಇವೆರಡೇ. ಸಪ್ತಸ್ವರಗಳಲ್ಲಿ ಕೋಮಲ, ತೀವ್ರ ಎಂಬ ಭೇದ ಇಲ್ಲದವು ಇವೆರಡು. ಮಿಕ್ಕ ಐದು ಹೇಗೆ ಬೇಕಾದರೂ ಬದಲಾಗಲಿ, ಇವು ಅಲುಗಾಡುವುದಿಲ್ಲ. ನಮ್ಮ ಪಿಟೀಲಿನ ನಾಲ್ಕು ತಂತಿಗಳನ್ನೂ ಸ-ಪ-ಸ-ಪ ಎಂದೇ ಕೂಡಿಸಿರುತ್ತೇವೆ, ಬೆರಳೇ ಇಡದೆ ಬರೀ ತಂತಿಯಲ್ಲಿ ಲೂಲು ಇದ್ದಾಳೆ. ಅವಳು ನಕ್ಕಾಗ ಮೇಲಿನ ತಾರ ಷಡ್ಜಕ್ಕೆ ಒಂದು ಜಾರು, ನಡೆಯುವಾಗ ಸ-ಪ-ಸ ತಿಶ್ರದಲ್ಲಿ, ಅಷ್ಟೇ. ಬಾಕಿ ಸ್ವರಗಳನ್ನು ತರುವವರು ಅವಳ ಸುತ್ತ ಇರುವವರು. ಯಾರು ಬಂದರೆ ಅವರ ರಾಗ, ಅವರು ಹೋದರೆ ಅವರ ರಾಗವೂ ಹೋಗುತ್ತದೆ. ಸ-ಪ ಉಳಿಯುತ್ತದೆ.

ಷೋನ್‌ಗೆ ನಾನಿಟ್ಟಿರುವುದು ಸಿಂಹೇಂದ್ರಮಧ್ಯಮ. ಮಗ ಆಲ್ವಾನಿಗೆ ಕೀರವಾಣಿ. ಮೂಲ ರಾಗಗಳ ಪಟ್ಟಿಯಾದ ಮೇಳಕರ್ತದಲ್ಲಿ ಕೀರವಾಣಿ 21ನೆಯದು, ಸಿಂಹೇಂದ್ರಮಧ್ಯಮ 57ನೆಯದು. ಎರಡಕ್ಕೂ ಇರುವ ವ್ಯತ್ಯಾಸ ಮಧ್ಯಮ ಒಂದೇ. ಮಗನದು ಶುದ್ಧ ಮಧ್ಯಮ (ಕೆಳಗಿನ ಮ), ಅಪ್ಪನದು ಪ್ರತಿ ಮಧ್ಯಮ (ಮೇಲಿನ ಮ). ಒಂದೇ ರಕ್ತ, ಒಂದೇ ಆಸೆ, ಒಂದು ಬೆರಳಷ್ಟು ಅಂತರ. ಇಬ್ಬರೂ ಒಂದೇ ಕೋಣೆಯಲ್ಲಿರುವಾಗ ಮಧ್ಯಮವನ್ನು ಬಿಟ್ಟು ನುಡಿಸಿ, ಯಾರ ರಾಗ ಅಂತ ತಿಳಿಯದೆ ಸಭೆ ಕಿವಿ ನಿಮಿರಿಸುತ್ತದೆ. ಅಪ್ಪ ಸತ್ತ ಮೇಲೆ ಅದೇ ಮನೆಯಲ್ಲಿ ಮಗ ಅವಳ ಹತ್ತಿರ ಬರುವಾಗ ಅಪ್ಪನಿಗೆ ನುಡಿಸಿದ ಸ್ವರಗಳ ಸಂಚಾರವನ್ನೇ ತೆಗೆದುಕೊಂಡು ಶುದ್ಧ ಮಧ್ಯಮಕ್ಕೆ ಇಳಿಸಿ. ಕೀರವಾಣಿಗೆ ಇನ್ನೊಂದು ಅನುಕೂಲ ಇದೆ. ಪಾಶ್ಚಾತ್ಯ ಕಿವಿಗೂ ಅದು ಹೊಂದುತ್ತದೆ, ಬರ್ಲಿನ್ನಿನ ಕೋಟು-ಟೋಪಿಗಳ ಮಧ್ಯೆ ಪರಕೀಯ ಅನ್ನಿಸುವುದಿಲ್ಲ.

ರೋಡ್ರಿಗೊಗೆ ಕದನಕುತೂಹಲ. ಅದರ ಆರೋಹಣವೇ ನೆಗೆನೆಗೆದು ಹೋಗುತ್ತದೆ. ಅವನು ತೋಳು ಮಡಚಿ ಲೂಲು ಅದಕ್ಕೆ ಜೋತು ಬೀಳುವ ಆಟಕ್ಕೆ ಬೇರೇನೂ ಬೇಡ. ಮುದುಕ ಷಿಗೋಲ್ಖ್ ಮೊದಲ ಅಂಕದಲ್ಲಿ ಮೌತ್ ಆರ್ಗನ್ ಊದುತ್ತಾನೆ, ಅದಕ್ಕೆ ಲೂಲು ಕುಣಿಯುತ್ತಾಳೆ. ಅಲ್ಲಿ ಕಮಾನು ಕೆಳಗಿಟ್ಟು ತಂತಿ ಮೀಟಿ ಸಿಂಧುಭೈರವಿಯ ಒಂದು ಸಣ್ಣ ಧಾಟಿ ಹಿಡಿಯಿರಿ. ಮೌತ್ ಆರ್ಗನ್ನಿನ ಹಾಗೆ ನುಡಿಸಲು ಹೋಗಬೇಡಿ. ಕಾಸ್ಟಿ-ಪಿಯಾನಿಗೆ ರಾಗ ಬೇಡವೇ ಬೇಡ, ಖಂಜಿರ ಎಂಬ ಸಣ್ಣ ಚರ್ಮವಾದ್ಯದ ಮೇಲೆ ಬೆರಳ ತುದಿ ಸಾಕು. ಬೆಲೆ ಕೂಗುವವನಿಗೆ ನನ್ನ ಪಿಟೀಲಿನಿಂದ ನಾನು ಒಂದು ಸ್ವರವನ್ನೂ ಕೊಡುವುದಿಲ್ಲ.

ಗೆಶ್ವಿಟ್ಸಳಿಗೆ ಸಹಾನ. ಇದರ ಬಗ್ಗೆ ಒಂದೆರಡು ಮಾತು ಹೆಚ್ಚಿಗೆ ಹೇಳಬೇಕು. ಹೆಣ್ಣೊಬ್ಬಳು ಹೆಣ್ಣನ್ನು ಪ್ರೀತಿಸುವುದನ್ನು ತೆರೆಯ ಮೇಲೆ ಇಷ್ಟು ನೇರವಾಗಿ ತೋರಿಸಿದ ಮೊದಮೊದಲ ಪಾತ್ರಗಳಲ್ಲಿ ಅವಳದ್ದೂ ಒಂದು. ನಟಿಸಿದವಳು ಆಲಿಸ್ ರಾಬರ್ಟ್ಸ್. ಮದುವೆಯ ರಾತ್ರಿ ಲೂಲು ಇವಳ ಜೊತೆ ಕುಣಿಯುವಾಗ ಸಭೆಯಲ್ಲಿ ಕಿಸಕ್ಕೆಂದು ನಗುವವರು ಇದ್ದೇ ಇರುತ್ತಾರೆ. ಆ ನಗುವನ್ನು ತಡೆಯುವ ಶಕ್ತಿ ಇರುವುದು ನಿಮ್ಮ ಕಮಾನಿನಲ್ಲಿ. ಸಹಾನದ ರಿಷಭದ ಮೇಲೆ ನಿಧಾನವಾಗಿ ನಿಂತು, ಗಾಂಧಾರಕ್ಕೆ ತೂಗಿ, ವಕ್ರ ಸಂಚಾರದಲ್ಲಿ ಹಿಂದಕ್ಕೆ ಬನ್ನಿ. ಯಾಚನೆಯೂ ಮರ್ಯಾದೆಯೂ ಒಟ್ಟಿಗೆ ಇರುವ ರಾಗ ಅದು. ಒಂಟಿಕೊಪ್ಪಲಿನ ಎಂಟನೇ ಕ್ರಾಸಿನ ಗಣೇಶೋತ್ಸವದಲ್ಲಿ ಕಚೇರಿ ಕೇಳಿ ಬೆಳೆದ ಊರು ನಮ್ಮದು. ಸಹಾನ ಕೇಳಿಸಿದ ಮೇಲೆ ಇಲ್ಲಿ ಯಾರೂ ಹಗುರಾಗಿ ನಗುವುದಿಲ್ಲ. ಹಡಗಿನ ಅಂಕಕ್ಕೆ ಅವಳ ಪಾತ್ರ ಮುಗಿಯುತ್ತದೆ, ಸಹಾನವನ್ನು ಮತ್ತೆ ಎಲ್ಲೂ ಎತ್ತಬೇಡಿ.

ಇನ್ನು ಕಷ್ಟದ ಜಾಗಗಳು. ಮೂರನೆಯ ಅಂಕದಲ್ಲಿ ನಾಟಕಶಾಲೆಯ ನೇಪಥ್ಯ. ಪರದೆ ಎಳೆಯುವವರು, ವೇಷ ಬದಲಿಸುವವರು, ಓಡಾಟ, ಗದ್ದಲ. ನಾಟಕ ಕಂಪನಿಗಳನ್ನು ಕಂಡ ಮೈಸೂರು, ಮಂಡ್ಯದ ಹಿರಿಯರಿಗೆ ಈ ಅಂಕ ಬಹಳ ಹಿಡಿಸುತ್ತದೆ. ಇಲ್ಲಿ ಪಿಟೀಲು ಹಿಂದಕ್ಕೆ ಸರಿದು ಮೃದಂಗಕ್ಕೆ ಜಾಗ ಬಿಡಬೇಕು. ಷೋನ್ ತನ್ನ ಭಾವೀ ಪತ್ನಿಯನ್ನು ಕರೆದುಕೊಂಡು ಬಂದಿದ್ದಾನೆ. ಅವಳೆದುರು ಕುಣಿಯುವುದಿಲ್ಲವೆಂದು ಲೂಲು ಹಟ ಹಿಡಿಯುತ್ತಾಳೆ. ಸಾಮಾನಿನ ಕೋಣೆಯಲ್ಲಿ ಇಬ್ಬರಿಗೂ ಜಗಳ, ಜಗಳ ಹೋಗಿ ಅಪ್ಪುಗೆ. ಅಷ್ಟರಲ್ಲಿ ಬಾಗಿಲು ತೆರೆಯುತ್ತದೆ, ಎದುರಿಗೆ ಆ ಹುಡುಗಿ ಮತ್ತು ಆಲ್ವಾ. ಆಗ ಲೂಲು ತಲೆಯೆತ್ತಿ ನೋಡುವ ನೋಟ ಇದೆಯಲ್ಲ, ಗೆದ್ದವಳ ನೋಟ, ಅದಕ್ಕೆ ಏನನ್ನೂ ನುಡಿಸಬೇಡಿ. ಮೃದಂಗದವನಿಗೆ ಮೊದಲೇ ಹೇಳಿ: ತೀರ್ಮಾನ (ಮುಕ್ತಾಯದ ಪೆಟ್ಟುಗಳು) ಬಾಗಿಲು ತೆರೆಯುವುದಕ್ಕೆ ಸರಿಯಾಗಿ ಬೀಳಬೇಕು, ಆಮೇಲೆ ಕೈ ಮೇಲೆತ್ತಿಬಿಡಬೇಕು. ಇದೊಂದನ್ನು ಸಾಧಿಸಲು ನಾವು ಆ ದೃಶ್ಯವನ್ನು ತಿರುಗಿಸಿ ತಿರುಗಿಸಿ ಹಾಕಿ ಅಭ್ಯಾಸ ಮಾಡಿದ್ದೇವೆ. ಒಂದು ಅಕ್ಷರ ಕಾಲ ತಡವಾದರೂ ಆ ನೋಟ ಸದ್ದಿನಲ್ಲಿ ಕೊಚ್ಚಿಹೋಗುತ್ತದೆ.

ನಾಲ್ಕನೆಯ ಅಂಕದಲ್ಲಿ ಷೋನ್ ಅವಳ ಕೈಗೆ ಪಿಸ್ತೂಲು ತುರುಕಿ, ನೀನೇ ಗುಂಡು ಹಾರಿಸಿಕೋ ಎಂದು ಬಲವಂತ ಮಾಡುತ್ತಾನೆ. ಗುಂಡು ಹಾರಿದ್ದನ್ನು ಪಾಬ್ಸ್ಟ್ ತೋರಿಸುವುದೇ ಇಲ್ಲ. ಇಬ್ಬರ ಮಧ್ಯೆ ಒಂದೆಳೆ ಹೊಗೆ ಏಳುತ್ತದೆ, ನಮಗೆ ಕಾಣುವುದು ಕೋರ್ಟ್ನರನ ಅಗಲವಾದ ಬೆನ್ನು. ಇಲ್ಲಿ ಮೃದಂಗದಲ್ಲಿ ‘ಢಂ’ ಅನ್ನಿಸಿದರೆ ಪಾಬ್ಸ್ಟ್ ಬಚ್ಚಿಟ್ಟದ್ದನ್ನು ನೀವು ಬಯಲಿಗೆ ಎಳೆದಂತೆ. ಸಿಂಹೇಂದ್ರಮಧ್ಯಮದ ಪ್ರತಿ ಮಧ್ಯಮದ ಮೇಲೆ ನೀಳವಾಗಿ ನಿಲ್ಲಿ. ಅವನು ಕುಸಿಯುವ ತನಕ ಕಮಾನು ತಿರುಗಿಸಿದ್ದು ಕೇಳಿಸದಂತೆ ಎಳೆಯುತ್ತಿರಿ. ಪಂಚಮಕ್ಕೆ ಹತ್ತಬೇಡಿ.

ಕೋರ್ಟಿನ ದೃಶ್ಯಕ್ಕೆ ಸಂಗೀತವೇ ಬೇಡ. ಅಲ್ಲಿ ಓದುವವರ ದನಿ ಮಾತ್ರ ಇರಲಿ. ತೆರೆಯ ಮೇಲೆ ಬರುವ ಜರ್ಮನ್ ಬರಹಗಳನ್ನು ಕನ್ನಡದಲ್ಲಿ ಓದಲು ನಿಮಗೊಬ್ಬರು ಬೇಕೇ ಬೇಕು. ನಮ್ಮ ದೇಶದಲ್ಲೂ ಮೂಕಿ ಕಾಲದಲ್ಲಿ ತೆರೆಯ ಪಕ್ಕ ನಿಂತು ಬರಹ ಓದಿ ಕಥೆ ಹೇಳುವವರಿದ್ದರು, ಇದು ಹೊಸ ಏರ್ಪಾಟೇನಲ್ಲ. ನಮಗೆ ಓದುವವರು ನಿವೃತ್ತ ಕನ್ನಡ ಮೇಷ್ಟ್ರು. “ಅಭಿನಯ ಬೇಡ ಸರ್, ಪತ್ರ ಓದಿದ ಹಾಗೆ ಓದಿ” ಎಂದು ಕೇಳಿಕೊಂಡೆ, ಅವರು ಒಪ್ಪಿದರು. ಹೆಣ್ಣಿನ ಮಾತಿಗೆ ಹೆಣ್ಣು ದನಿ, ಗಂಡಿನ ಮಾತಿಗೆ ಗಂಡು ದನಿ ಮಾಡಲು ಹೋದರೆ ಮುಖ ನೋಡುವುದನ್ನು ಬಿಟ್ಟು ಸಭೆ ದನಿಯ ಹಿಂದೆ ಹೋಗುತ್ತದೆ. ಅನುವಾದ ಮಾಡುವಾಗ ವಾಕ್ಯ ಚಿಕ್ಕದಿರಲಿ, ಬರಹ ತೆರೆಯಿಂದ ಹೋಗುವ ಮುಂಚೆ ಓದಿ ಮುಗಿಯಬೇಕು. ಲೂಲುವಿಗೆ 5 ವರ್ಷ ಸೆರೆವಾಸ ಎಂದು ತೀರ್ಪಾಗುತ್ತದೆ, ಬೆಂಕಿಯ ಗಂಟೆ ಬಾರಿಸಿ ಗದ್ದಲ ಎಬ್ಬಿಸಿ ಅವಳನ್ನು ಪಾರು ಮಾಡುತ್ತಾರೆ. ಆ ಗದ್ದಲಕ್ಕೆ ಮೃದಂಗ ಮತ್ತೆ ಬರಲಿ. ಐದನೆಯ ಅಂಕ ಮುಗಿದ ಮೇಲೆ ಕಾಫಿ ಬಿಡುವು ಕೊಡಿ. ಶ್ರುತಿಪೆಟ್ಟಿಗೆಯನ್ನೂ ನಿಲ್ಲಿಸಿ. ಒಂದೇ ಶ್ರುತಿ ಎರಡು ಗಂಟೆ ಎಡೆಬಿಡದೆ ಕೇಳಿದರೆ ಕಿವಿ ಮರಗಟ್ಟುತ್ತದೆ.

ರೈಲು, ಹಡಗಿನ ಜೂಜುಕಟ್ಟೆ, ಈ ಎರಡು ಅಂಕಗಳು ತಮ್ಮ ಪಾಡಿಗೆ ಓಡುತ್ತವೆ. ಬರೆದಿಟ್ಟುಕೊಂಡಂತೆ ನುಡಿಸಿಕೊಂಡು ಹೋಗಿ.

ಕೊನೆಯ ಅಂಕ ಲಂಡನ್ನಿನಲ್ಲಿ, ಕ್ರಿಸ್‌ಮಸ್ ರಾತ್ರಿ. ಬೀದಿಯಲ್ಲಿ ಸಾಲ್ವೇಷನ್ ಆರ್ಮಿಯ ಬ್ಯಾಂಡು ಕಾಣುತ್ತದೆ. ಇದಕ್ಕೆ ಶಂಕರಾಭರಣ, ಗಮಕ ಇಲ್ಲದೆ, ಕಮಾನಿನ ತುದಿಯಲ್ಲಿ, ದೂರದಿಂದ ಬಂದ ಹಾಗೆ. ಜಂಬೂಸವಾರಿಯ ದಿನ ಪೊಲೀಸ್ ಬ್ಯಾಂಡು ಸಯ್ಯಾಜಿರಾವ್ ರಸ್ತೆ ದಾಟಿ ಹೋದ ಮೇಲೆ ಒಳಗಿನ ಓಣಿಯಲ್ಲಿ ಕೇಳಿಸುತ್ತದಲ್ಲ, ಅಷ್ಟೇ ಮೆಲ್ಲಗೆ. ಜಾಕ್ ಮೆಟ್ಟಿಲ ಮೇಲೆ ನಿಂತು ತನ್ನ ಹತ್ತಿರ ದುಡ್ಡಿಲ್ಲ ಎನ್ನುತ್ತಾನೆ. ಪರವಾಗಿಲ್ಲ ಬಾ ಎನ್ನುತ್ತಾಳೆ ಲೂಲು. ಅವನು ಹಿಂದೆ ಹಿಡಿದಿದ್ದ ಚಾಕುವನ್ನು ಬೀಳಿಸಿಬಿಡುತ್ತಾನೆ. ಇಡೀ ಚಿತ್ರದಲ್ಲಿ ಅವಳಿಂದ ಏನನ್ನೂ ಕೇಳದೆ ಒಂದು ಗಳಿಗೆ ಸುಮ್ಮನೆ ಕೂತವನು ಈ ಕೊಲೆಗಾರನೇ. ಆದ್ದರಿಂದ ಅವನು ಬಂದ ಕೂಡಲೇ ಭಯದ ಸಂಗೀತ ಬೇಡ, ದಯವಿಟ್ಟು ಬೇಡ. ಅವನಿಗೂ ರಾಗವಿಲ್ಲ. ಅವಳ ಸ-ಪ ಹಾಗೇ ನಡೆಯಲಿ. ಮೇಜಿನ ಮೇಲೆ ಬ್ರೆಡ್ಡು ಕೊಯ್ಯುವ ಚಾಕು ದೀಪಕ್ಕೆ ಮಿಂಚುತ್ತದೆ. ಆಗ ಪಂಚಮವನ್ನು ಬಿಡಿ. ಕೆಳಗಿನ ಮಂದ್ರ ಷಡ್ಜದ ತಂತಿ ಒಂದನ್ನೇ ಎಳೆಯಿರಿ. ಅವನ ಬೆನ್ನ ಹಿಂದೆ ಅವಳ ಕೈ ಸಡಿಲವಾಗುವುದು ಕಂಡಾಗ ಅದನ್ನೂ ನಿಲ್ಲಿಸಿ. ಮಿಕ್ಕ ಚಿತ್ರಕ್ಕೆ, ಆಲ್ವಾ ಮಂಜಿನಲ್ಲಿ ಆ ಮೆರವಣಿಗೆಯ ಹಿಂದೆ ನಡೆದು ಹೋಗುವುದಕ್ಕೆ, ಅದೇ ದೂರದ ಶಂಕರಾಭರಣ ಸಾಕು. ಕೀರವಾಣಿಗೆ ಮರಳಬೇಡಿ. ಅವನ ಆಸೆಯೇ ಮುಗಿದಿದೆ.

ಏರ್ಪಾಟಿನ ಬಗ್ಗೆ ಕೆಲವು ಮಾತು. ಸಭೆಗೆ ಮುಖ ಮಾಡಿ ಕೂರುವ ಕಚೇರಿ ಪದ್ಧತಿ ಇಲ್ಲಿ ನಡೆಯದು. ತೆರೆಯ ಒಂದು ಬದಿಯಲ್ಲಿ, ತೆರೆಯನ್ನೂ ಮೃದಂಗದವನ ಕೈಯನ್ನೂ ಒಟ್ಟಿಗೆ ನೋಡಲಾಗುವಂತೆ ಓರೆಯಾಗಿ ಕೂರಿ. ಕಮಾನಿನ ಕೈ ಗೋಡೆಗೆ ತಾಗದಿರಲಿ. ನೋಟ್‌ಬುಕ್ಕಿಗೆ ಸಣ್ಣ ಕ್ಲಿಪ್ ದೀಪ ಹಾಕಿ, ಅದಕ್ಕೆ ಹಳದಿ ಬಣ್ಣದ ಹಾಳೆ ಸುತ್ತಿ, ಬೆಳಕು ತೆರೆಗೆ ಬೀಳಬಾರದು. ನಲವತ್ತು ಐವತ್ತು ಜನರ ಹಾಲಿಗೆ ಮೈಕು ಬೇಡ, ಓದುವವರಿಗೂ ಬೇಡ. ಪ್ರೊಜೆಕ್ಟರಿನ ಫ್ಯಾನ್ ಸದ್ದು ನಿಮ್ಮ ಶ್ರುತಿಗೆ ಅಡ್ಡ ಬರುತ್ತದೆ, ಅದನ್ನು ಸಭೆಯ ಹಿಂದಕ್ಕೆ ಇಡಿ. ತೆರೆಗೆ ಜೋಡಿ ಬಿಳಿ ಪಂಚೆ ಹೊಲಿಸಿ ಕೆಳಗೆ ಕೋಲು ತೂರಿಸಿದರೆ ಸುಕ್ಕು ಬೀಳುವುದಿಲ್ಲ. ಕರೆಂಟು ಹೋಗುತ್ತದೆ, ಯುಪಿಎಸ್ ಇಟ್ಟುಕೊಳ್ಳಿ. ಹೋದರೂ ನುಡಿಸುವುದನ್ನು ನಿಲ್ಲಿಸಬೇಡಿ, ಆ ಅಂಕದ ರಾಗದಲ್ಲೇ ಆಲಾಪನೆ ಮಾಡುತ್ತಿರಿ. ಚಿತ್ರ ವಾಪಸ್ ಬಂದಾಗ ಜನ ಅಲ್ಲೇ ಇರುತ್ತಾರೆ. ಹೆಚ್ಚಿಗೆ ಒಂದು ಸೆಟ್ ತಂತಿ, ರೋಸಿನ್ ಪಕ್ಕದಲ್ಲಿರಲಿ.

ಚಿತ್ರಕ್ಕೆ ಬರುವವರಿಗೆ ಮೊದಲೇ ತಿಳಿಸಿ: ಇದು ದೊಡ್ಡವರ ಚಿತ್ರ, ಸಣ್ಣ ಮಕ್ಕಳನ್ನು ಕರೆತರುವುದು ಬೇಡ. ಸಂಜೆ ಆರೂವರೆಗೆ ಶುರು ಮಾಡಿದರೆ ಬಿಡುವೂ ಸೇರಿ ಒಂಬತ್ತೂಕಾಲಕ್ಕೆ ಮುಗಿಯುತ್ತದೆ. ಹಾಲಿನವರ ಹತ್ತಿರ ಹತ್ತು ಗಂಟೆಯ ತನಕ ಕೇಳಿಟ್ಟುಕೊಳ್ಳಿ. ಮುಗಿದ ಮೇಲೆ ಜನ ಎದ್ದು ಹೋಗುವುದಿಲ್ಲ, ಲೂಲು ಮಾಡಿದ್ದು ಸರಿಯೋ ತಪ್ಪೋ ಅಂತ ವಾದಕ್ಕೆ ಕೂರುತ್ತಾರೆ. ಅವರಿಗೆ ಆ ಮುಕ್ಕಾಲು ಗಂಟೆ ಸಿಗಲಿ. ನಿಮ್ಮನ್ನು ಕೇಳಿದರೆ ನೀವು ಪಿಟೀಲು ಒರೆಸಿ, ಕಮಾನು ಸಡಿಲಿಸಿ, ಯಾವ ಜಾಗದಲ್ಲಿ ಯಾವ ರಾಗ ಅನ್ನುವುದನ್ನು ಮಾತ್ರ ಹೇಳಿ.